ಮೂರನೇ ಸಲಕ್ಕೆ ಕೂತ ಹುಟ್ಸೆಲ್‌ಬ್ರೋಟ್

ನವೆಂಬರ್ 10, ಭಾನುವಾರ

ಕೆಳಮನೆಯ ಅಜ್ಜಿ ಮೆಟ್ಟಿಲ ಹತ್ತಿರ ನಿಲ್ಲಿಸಿ ಒಂದು ಬಟ್ಟೆಚೀಲ ಕೈಗಿಟ್ಟರು. ಒಳಗೆ ತೊಟ್ಟಿನ ಸಮೇತ ಮುದುಡಿಕೊಂಡು ಕಪ್ಪಾದ ಏನೋ ಕಾಯಿಗಳು. ಉಗುರು ಊರಿದರೆ ಕೊಬ್ಬರಿಯಷ್ಟು ಗಟ್ಟಿ. ಮೂಸಿದರೆ ಸ್ವಲ್ಪ ಹೊಗೆ, ಸ್ವಲ್ಪ ಜೋನಿಬೆಲ್ಲ. 'ಹುಟ್ಸೆಲ್ನ್' ಅಂದರು. ಒಣಗಿಸಿದ ಪಿಯರ್ ಹಣ್ಣು. ಬೆಂಗಳೂರಿನ ಮಾರುಕಟ್ಟೆಯಲ್ಲಿ ಮರಸೇಬು ಅಂತ ಸಿಗುತ್ತದಲ್ಲ, ಅದೇ ಜಾತಿ. ನಮ್ಮ ಕಡೆ ಪೇರಲ ಅಂದರೆ ಸೀಬೆ ಆಗಿಬಿಡುತ್ತದೆ, ಹಾಗಾಗಿ ಇಲ್ಲಿ ಪಿಯರ್ ಅಂತಲೇ ಬರೆಯುತ್ತೇನೆ.

ನಾವಿರುವುದು ಜರ್ಮನಿಯ ಎಸ್ಲಿಂಗೆನ್‌ನಲ್ಲಿ, ಸ್ಟುಟ್‌ಗಾರ್ಟ್‌ನಿಂದ ಲೋಕಲ್ ರೈಲಿನಲ್ಲಿ ಸ್ವಲ್ಪ ಹೊತ್ತಿನ ದಾರಿ. ಈ ಶ್ವಾಬಿಯಾ ಸೀಮೆಯಲ್ಲಿ ಕ್ರಿಸ್‌ಮಸ್‌ಗೆ ಒಣಹಣ್ಣಿನ ಬ್ರೆಡ್ಡು ಮಾಡುತ್ತಾರೆ, ಅದರ ಹೆಸರು ಹುಟ್ಸೆಲ್‌ಬ್ರೋಟ್. ಕೆಲವರು ಶ್ನಿಟ್ಸ್‌ಬ್ರೋಟ್ ಅನ್ನುತ್ತಾರೆ. ಬವೇರಿಯಾ, ಆಸ್ಟ್ರಿಯಾ ಕಡೆ ಹೋದರೆ ಇದೇ ಕ್ಲೆಟ್ಸೆನ್‌ಬ್ರೋಟ್. ಹುಟ್ಸೆಲ್ ಅಂದರೆ ಒಣಗಿದ ಪಿಯರ್, 'ಹುಟ್ಸೆಲಿಗ್' ಅಂದರೆ ಸುಕ್ಕುಗಟ್ಟಿದ್ದು. ಅಜ್ಜಿ ತಮ್ಮ ಕೆನ್ನೆ ಮುಟ್ಟಿ ತೋರಿಸಿ 'ನಾನೂ ಹುಟ್ಸೆಲಿಗ್' ಅಂತ ನಕ್ಕರು.

ನನಗೆ ಇದು ಬೇಕಾದದ್ದಕ್ಕೆ ಒಂದು ಕಾರಣ ಇತ್ತು. ಡಿಸೆಂಬರ್ 14ಕ್ಕೆ ಅತ್ತೆ ಯಲ್ಲಾಪುರದಿಂದ ಬರುತ್ತಿದ್ದಾರೆ. ಮೊಟ್ಟೆ ತಿನ್ನುವವರಲ್ಲ, ರಮ್‌ನ ಮಾತಂತೂ ಎತ್ತುವ ಹಾಗೇ ಇಲ್ಲ. ಇಲ್ಲಿನ ಕ್ರಿಸ್‌ಮಸ್ ಬಿಸ್ಕತ್ತುಗಳಲ್ಲಿ ಬಹುಪಾಲಿಗೆ ಮೊಟ್ಟೆ ಬಿದ್ದಿರುತ್ತದೆ. ಎಲ್ಲರಿಗೂ ಗೊತ್ತಿರುವ ಸ್ಟೋಲೆನ್ ಅನ್ನುವ ಕ್ರಿಸ್‌ಮಸ್ ಬ್ರೆಡ್ಡಿಗೆ ಮೊಟ್ಟೆ ಬೇಕೇ ಬೇಕು ಅಂತಿಲ್ಲ, ಆದರೆ ದ್ರಾಕ್ಷಿಯನ್ನು ರಮ್‌ನಲ್ಲಿ ನೆನೆಹಾಕುವುದು ರೂಢಿ. ಬೆಣ್ಣೆ ಎಷ್ಟು ಅಂತೀರಿ? ಡ್ರೆಸ್ಡನ್ ಹೆಸರು ಹೊತ್ತ ಸ್ಟೋಲೆನ್ ಆಗಬೇಕಾದರೆ 100 ಪಾಲು ಹಿಟ್ಟಿಗೆ ಕನಿಷ್ಠ 50 ಪಾಲು ಬೆಣ್ಣೆ ಹಾಕಲೇಬೇಕು. ಹಿಂದೆ ಕ್ರಿಸ್‌ಮಸ್‌ಗೆ ಮುಂಚಿನ ಆಡ್ವೆಂಟ್ ವಾರಗಳು ಉಪವಾಸದ ಕಾಲ, ಬೆಣ್ಣೆ ನಿಷಿದ್ಧ. ಡ್ರೆಸ್ಡನ್ ಇರುವ ಸ್ಯಾಕ್ಸನಿಯ ಅರಸರು ಪೋಪ್‌ಗೆ ಬರೆದು ಬರೆದು, 1491ರಲ್ಲಿ ಎಂಟನೇ ಇನೊಸೆಂಟ್ ಪೋಪ್ ದಂಡ ಕಟ್ಟಿ ಬೆಣ್ಣೆ ಬಳಸಿಕೊಳ್ಳಿ ಅಂತ ಅಪ್ಪಣೆ ಪತ್ರ ಕೊಟ್ಟರು. ಅದಕ್ಕೆ 'ಬೆಣ್ಣೆ ಪತ್ರ' ಅಂತಲೇ ಹೆಸರು. ಹುಟ್ಸೆಲ್‌ಬ್ರೋಟ್‌ಗೆ ಯಾವ ಪೋಪ್‌ನ ಪತ್ರವೂ ಬೇಕಿರಲಿಲ್ಲ. ಬೆಣ್ಣೆ ಇಲ್ಲ, ಹಾಲಿಲ್ಲ, ಮೊಟ್ಟೆ ಇಲ್ಲ. ಹಿತ್ತಲಿನ ಹಣ್ಣು, ಮನೆಯ ಹಿಟ್ಟು, ಒಂದಿಷ್ಟು ಮಸಾಲೆ. ಕಿರ್ಷ್ ಅನ್ನುವ ಚೆರ್ರಿ ಸಾರಾಯಿ ಒಂದೆರಡು ಚಮಚ ಹಾಕುವವರಿದ್ದಾರೆ, ಬಿಟ್ಟರೆ ಯಾರೂ ಕೇಳುವುದಿಲ್ಲ.

ಅಳತೆ ಕೇಳಿದೆ. ಅಜ್ಜಿ ಎರಡೂ ಕೈ ಜೋಡಿಸಿ ಬೊಗಸೆ ತೋರಿಸಿದರು. ಹಿಟ್ಟು? 'ಹಿಡಿದುಕೊಳ್ಳುವಷ್ಟು.' ನನ್ನ ಅಜ್ಜಿ ಉಪ್ಪಿನಕಾಯಿಗೆ ಹೇಳುತ್ತಿದ್ದ ಲೆಕ್ಕವೂ ಇದೇ. ಆದ್ದರಿಂದ ಗ್ರಾಮಿನ ಲೆಕ್ಕ ನಾನೇ ಬರೆದಿಟ್ಟುಕೊಳ್ಳಬೇಕಾಯಿತು. ಈ ದಿನಚರಿ ಶುರುವಾದದ್ದು ಹಾಗೆ.

ನವೆಂಬರ್ 15 ಮತ್ತು 16: ಮೊದಲ ಸಲ

ಶುಕ್ರವಾರ ರಾತ್ರಿ 300 ಗ್ರಾಂ ಹುಟ್ಸೆಲ್ ತೊಳೆದು ಒಂದು ಲೀಟರ್ ತಣ್ಣೀರಿನಲ್ಲಿ ನೆನೆಹಾಕಿದೆ. ಬೆಳಿಗ್ಗೆ ನೋಡಿದರೆ ನೀರು ಚಹಾದ ಬಣ್ಣಕ್ಕೆ ತಿರುಗಿತ್ತು. ಅದೇ ನೀರಿನಲ್ಲಿ ಇಪ್ಪತ್ತು ನಿಮಿಷ ಕುದಿಸಿದೆ. ಹಣ್ಣು ಮೆತ್ತಗಾಯಿತು, ನೀರು ಗಾಢವಾಗಿ, ಸಿಹಿಯಾಗಿ, ಸ್ವಲ್ಪ ಒಗರಾಗಿ ನಿಂತಿತು. ಈ ಕಷಾಯವನ್ನು ಚೆಲ್ಲಬೇಡ, ಬ್ರೆಡ್ಡಿನ ಜೀವ ಇರುವುದು ಅದರಲ್ಲೇ ಅಂತ ಅಜ್ಜಿ ಎಚ್ಚರಿಸಿದ್ದರು.

ಇಲ್ಲಿ ಒಂದು ಕೆಲಸ ಕಣ್ಣಲ್ಲಿ ಕಣ್ಣಿಟ್ಟು ಮಾಡಬೇಕು. ಹುಟ್ಸೆಲ್‌ಗಳನ್ನು ಇಡಿಯಾಗಿಯೇ ಒಣಗಿಸುತ್ತಾರೆ. ಹಾಗಾಗಿ ಬೆಂದ ಮೇಲೆ ಒಂದೊಂದನ್ನೇ ಸೀಳಿ ತೊಟ್ಟು, ಕೆಳಗಿನ ಒಣಹೂವಿನ ಕುಚ್ಚು, ಬೀಜದ ಗೂಡು ಮೂರನ್ನೂ ತೆಗೆಯಬೇಕು. ಗೂಡಿನ ಸುತ್ತ ಮರಳಿನಂಥ ಹರಳು ಹರಳು ಇರುತ್ತದೆ. ಪಿಯರ್‌ನ ತಿರುಳಿನಲ್ಲೇ ಗಟ್ಟಿಯಾದ ಕೋಶಗಳ ಗುಂಪು ಅದು, ಎಷ್ಟು ಬೇಯಿಸಿದರೂ ಕರಗುವುದಿಲ್ಲ. ಮೊದಲ ನಾಲ್ಕೈದು ಹಣ್ಣಿನಲ್ಲಿ ನಾನು ಅದನ್ನು ಬಿಟ್ಟೆ. ಆಮೇಲೆ ಬ್ರೆಡ್ಡು ತಿನ್ನುವಾಗ ಸರಿಯಾಗಿ ಆಯದ ಅಕ್ಕಿಯ ಅನ್ನ ಉಂಡ ಹಾಗಾಯಿತು.

ಉಳಿದದ್ದು: ಒಣ ಪ್ಲಮ್ 200 ಗ್ರಾಂ, ಅಂಜೂರ 150, ಒಣದ್ರಾಕ್ಷಿ 100, ಅಕ್ರೋಟ್ 100, ಹೇಜಲ್‌ನಟ್ 100. ನೆನೆಯಲಿ ಅಂತ ಪ್ಲಮ್ ಮತ್ತು ಅಂಜೂರವನ್ನೂ ಬಿಸಿ ಕಷಾಯಕ್ಕೆ ಹಾಕಿದೆ. ಮೊದಲ ತಪ್ಪು. ಗೋಧಿ ಹಿಟ್ಟು 500 ಗ್ರಾಂ, ಹಸಿ ಯೀಸ್ಟ್ ಒಂದು ಇಡೀ ಗಟ್ಟಿ, ಅಂದರೆ 42 ಗ್ರಾಂ. ಕಷಾಯ 'ಬೆಚ್ಚಗಿದೆ' ಅಂತ ಅಂದಾಜು ಮಾಡಿ ಯೀಸ್ಟನ್ನು ಅದರಲ್ಲೇ ಕದಡಿದೆ. ಎರಡನೇ ತಪ್ಪು, ಮತ್ತು ದೊಡ್ಡದು. ದಾಲ್ಚಿನ್ನಿ, ಲವಂಗ, ಆನಿಸ್ ಕಾಳು, ಉಪ್ಪು ಎಲ್ಲ ಒಟ್ಟಿಗೆ ಸುರಿದು ಕಲಸಿದೆ. ಹಿಟ್ಟು ಇಡ್ಲಿ ಹಿಟ್ಟಿನಷ್ಟು ತೆಳುವಾಯಿತು. ಇನ್ನೂ 150 ಗ್ರಾಂ ಹಿಟ್ಟು ಸೇರಿಸಿದೆ. ಮೂರು ಗಂಟೆ ಕಾದರೂ ಹಿಟ್ಟು ಮಿಸುಕಲಿಲ್ಲ. ಸಂಜೆಯಾಗುತ್ತಿತ್ತು, ಬರುವುದು ಬರಲಿ ಅಂತ ಓವನ್‌ಗೆ ತಳ್ಳಿದೆ.

ಒಂದು ಗಂಟೆ ಕಳೆದು ಹೊರಬಂದದ್ದು ನೋಡಲು ಚೆನ್ನಾಗಿಯೇ ಇತ್ತು. ಅಜ್ಜಿಯನ್ನು ಕರೆದೆ. ಅವರು ಅದನ್ನು ಮಗುಚಿ, ತಳಕ್ಕೆ ಬೆರಳ ಗೆಣ್ಣಿನಿಂದ ತಟ್ಟಿದರು. ಬೆಂದ ಬ್ರೆಡ್ಡು ಟೊಳ್ಳು ಮರದ ಹಾಗೆ ಸದ್ದು ಮಾಡುತ್ತದೆ. ನನ್ನದು ದಪ್ ಅಂತು. ಅವರು ಏನೂ ಹೇಳದೆ ಅದನ್ನು ನನ್ನ ಕೈಗೆ ವಾಪಸ್ ಕೊಟ್ಟರು.

ಮರುದಿನ ನಡುವೆ ಕೊಯ್ದು ನೋಡಿದೆ. ತಳದಿಂದ ಎರಡು ಸೆಂಟಿಮೀಟರ್ ಎತ್ತರದವರೆಗೆ ಹಸಿ ಹಲ್ವದಂಥ ಪಟ್ಟಿ, ಅದರ ಮೇಲೆ ಒತ್ತೊತ್ತಾದ ಹಿಟ್ಟು, ಮೇಲ್ಗಡೆ ಸುಟ್ಟ ದ್ರಾಕ್ಷಿ. ತಪ್ಪು ಎಲ್ಲಾಯಿತು ಅಂತ ಕೂತು ಬರೆದೆ. ಯೀಸ್ಟ್ 50 ಡಿಗ್ರಿ ದಾಟಿದರೆ ಸಾಯತೊಡಗುತ್ತದೆ, ಕೈಗೆ 'ಬೆಚ್ಚಗೆ' ಅನಿಸಿದ ಕಷಾಯ ಅದಕ್ಕಿಂತ ಬಿಸಿ ಇದ್ದಿರಬೇಕು. ಬದುಕಿದ ಯೀಸ್ಟಿಗೂ ಆ ಸಕ್ಕರೆ ನೀರು ಕಷ್ಟ. ಸಕ್ಕರೆ ಹೆಚ್ಚಾದರೆ ಜೀವಕೋಶದೊಳಗಿನ ನೀರನ್ನೇ ಅದು ಹೊರಗೆ ಎಳೆದುಕೊಳ್ಳುತ್ತದೆ. ಸಾಲದ್ದಕ್ಕೆ ದಾಲ್ಚಿನ್ನಿಯೂ ಯೀಸ್ಟನ್ನು ಕುಗ್ಗಿಸುವಂಥದ್ದು. ನೀರಿನ ಲೆಕ್ಕವಂತೂ ಇರಲೇ ಇಲ್ಲ. ಕಷಾಯವನ್ನು ಅಳೆದಿದ್ದೆ ನಿಜ, ಹಣ್ಣು ಕುಡಿದಿಟ್ಟುಕೊಂಡ ನೀರನ್ನು ಅಳೆದಿರಲಿಲ್ಲ.

ಆ ಬ್ರೆಡ್ಡನ್ನು ಎಸೆಯಲಿಲ್ಲ. ತೆಳ್ಳಗೆ ಕೊಯ್ದು 100 ಡಿಗ್ರಿಯಲ್ಲಿ ಎರಡು ಗಂಟೆ ಒಣಗಿಸಿದೆ, ಬೇಕರಿಯ ರಸ್ಕ್ ಥರ ಆಯಿತು. ಚಹಾದ ಜೊತೆ ವಾರವಿಡೀ ತಿಂದೆವು. ನಮ್ಮವರಿಗೆ ಇವತ್ತಿಗೂ ಮೂರರಲ್ಲಿ ಅದೇ ಇಷ್ಟ. ಅದು ಬೇರೆ ವಿಷಯ.

ನವೆಂಬರ್ 22 ಮತ್ತು 23: ಎರಡನೇ ಸಲ

ಈ ಸಲ ನೀರಿನಿಂದಲೇ ಶುರು. ಬೆಂದು ಸ್ವಚ್ಛವಾದ ಪಿಯರ್ 560 ಗ್ರಾಂ ತೂಗಿತು. ತೂತಿನ ಪಾತ್ರೆಯಲ್ಲಿ ಹಾಕಿ ಕೆಳಗೆ ಬಟ್ಟಲಿಟ್ಟು ರಾತ್ರಿ ಬಿಟ್ಟೆ. ಬೆಳಿಗ್ಗೆ 505 ಗ್ರಾಂ. ಬಟ್ಟಲಲ್ಲಿ ಇಳಿದಿದ್ದ 55 ಗ್ರಾಂ ನೀರು ಹೋದ ವಾರ ನನಗೆ ಗೊತ್ತಿಲ್ಲದ ಹಾಗೆ ಹಿಟ್ಟಿನೊಳಗೆ ಸೇರಿತ್ತು. ಪ್ಲಮ್ ಮತ್ತು ಅಂಜೂರವನ್ನು ನೆನೆಸಲೇ ಇಲ್ಲ. ಇಲ್ಲಿನ ಅಂಗಡಿಯಲ್ಲಿ ಸಿಗುವ ಪ್ಲಮ್ ಮೊದಲೇ ಮೆತ್ತಗಿರುತ್ತದೆ, ಅದಕ್ಕೆ ನೀರು ತೋರಿಸುವುದೇ ದಂಡ.

ಹಿಟ್ಟನ್ನು 500ರಿಂದ 350 ಗ್ರಾಮಿಗೆ ಇಳಿಸಿದೆ. ಗೋಧಿ 250, ರೈ ಅನ್ನುವ ಧಾನ್ಯದ ಹಿಟ್ಟು 100. ಇಲ್ಲಿ ಹಿಟ್ಟಿನ ಪೊಟ್ಟಣದ ಮೇಲೆ 550, 1150 ಅಂತ ಸಂಖ್ಯೆ ಇರುತ್ತದೆ. 100 ಗ್ರಾಂ ಹಿಟ್ಟನ್ನು ಸುಟ್ಟರೆ ಎಷ್ಟು ಮಿಲಿಗ್ರಾಂ ಬೂದಿ ಉಳಿಯುತ್ತದೆ ಅನ್ನುವ ಲೆಕ್ಕ ಅದು. ಬೂದಿ ಹೆಚ್ಚಿದ್ದರೆ ತೌಡು ಹೆಚ್ಚು, ಬಣ್ಣ ಕಂದು. ಗೋಧಿ 550ರದು, ರೈ 1150ರದು ತಂದೆ. ಯೀಸ್ಟ್ 20 ಗ್ರಾಂ ಸಾಕು. ಅದನ್ನು ಕಷಾಯಕ್ಕೆ ಹಾಕದೆ, ಉಗುರುಬೆಚ್ಚಗಿನ ಬರೀ ನೀರು 150 ಮಿಲಿ ಮತ್ತು ಗೋಧಿ ಹಿಟ್ಟಿನ ಅರ್ಧ ಭಾಗದ ಜೊತೆ ಕಲಸಿ ಮುಚ್ಚಿಟ್ಟೆ. ಒಂದು ಗಂಟೆಯಲ್ಲಿ ಗುಳ್ಳೆಯೆದ್ದು ಬಟ್ಟಲಿನ ಮುಕ್ಕಾಲಿಗೆ ಬಂತು. ಈ ಮುಂಗಡ ಹಿಟ್ಟು ಉಬ್ಬದಿದ್ದರೆ ಅಲ್ಲೇ ನಿಲ್ಲಿಸಬಹುದು, ಅಷ್ಟೊಂದು ಹಣ್ಣು, ನಟ್ ಆದರೂ ಉಳಿಯುತ್ತದೆ. ಉಳಿದ ಹಿಟ್ಟು, 7 ಗ್ರಾಂ ಉಪ್ಪು, ಮಸಾಲೆ, ತಣ್ಣಗಾದ ಕಷಾಯ ಬರೀ 80 ಮಿಲಿ.

ಮಸಾಲೆಯ ಬಗ್ಗೆ ಒಂದು ಮಾತು. ಆನಿಸ್ ಅಂದರೆ ಬಡೇಸೋಪು ಅಲ್ಲ. ರುಚಿ ಹತ್ತಿರ, ಕಾಳು ಸಣ್ಣದು, ಘಾಟು ಜಾಸ್ತಿ. ಸಿಗದಿದ್ದರೆ ಬಡೇಸೋಪನ್ನೇ ಜಜ್ಜಿ ಹಾಕಬಹುದು, ಅಜ್ಜಿಯೂ ಎರಡನ್ನೂ ಬೆರೆಸುತ್ತಾರೆ. ಚಕ್ರಮೊಗ್ಗು ಬೇಡ, ಬಿರಿಯಾನಿ ನೆನಪಾಗುತ್ತದೆ. ಕೊತ್ತಂಬರಿ ಕಾಳು ಅರ್ಧ ಚಮಚ ಬೀಳುತ್ತದೆ ಅಂದಾಗ ನನಗೆ ಆಶ್ಚರ್ಯವಾಯಿತು. ಜರ್ಮನರ ಬ್ರೆಡ್ಡಿನ ಮಸಾಲೆಯಲ್ಲಿ ಜೀರಿಗೆಯ ನೆಂಟ ಕ್ಯುಮೆಲ್, ಬಡೇಸೋಪು, ಕೊತ್ತಂಬರಿ ಇವೇ ಇರುವುದು. ನಮ್ಮ ಸಾರಿನ ಡಬ್ಬಿ ತೆರೆದ ಹಾಗಾಯಿತು.

ಎಲ್ಲ ಸರಿಹೋಗಿದ್ದ ಕೆಲಸ ಮಿಕ್ಸರ್‌ನಲ್ಲಿ ಕೆಟ್ಟಿತು. ಹಣ್ಣನ್ನು ಹಿಟ್ಟಿನ ಜೊತೆ ಯಂತ್ರಕ್ಕೆ ಹಾಕಿ ನಾದಲು ಬಿಟ್ಟೆ. ಎರಡೇ ನಿಮಿಷದಲ್ಲಿ ಅಂಜೂರ ಒಡೆಯಿತು, ಪ್ಲಮ್ ಜಾಮ್ ಆಯಿತು, ಹಿಟ್ಟು ಬೂದುಗಪ್ಪಿಗೆ ತಿರುಗಿತು. ಮೋಟಾರಿನಿಂದ ಬಿಸಿ ವಾಸನೆ ಬಂದಾಗ ಹೆದರಿ ನಿಲ್ಲಿಸಿದೆ. ಬೇಯಿಸುವಾಗ ಓವನ್‌ನ ಫ್ಯಾನ್ ಹಾಕಿದ್ದೆ. ಬಿಸಿಗಾಳಿ ಬಡಿದು ಹೊರಗೆ ಇಣುಕಿದ ದ್ರಾಕ್ಷಿ ಒಂದೊಂದೂ ಉಬ್ಬಿ ಕರಕಲಾಯಿತು. ಸುಟ್ಟ ದ್ರಾಕ್ಷಿ ಒಂದು ಬಾಯಿಗೆ ಬಂದರೆ ಇಡೀ ತುಂಡು ಕಹಿ.

ಆದರೆ ಒಳಗೆ ಬೆಂದಿತ್ತು. ಆ ವಾರ ಹನ್ನೆರಡು ಯೂರೋ ಕೊಟ್ಟು ಚುಚ್ಚಿ ನೋಡುವ ಥರ್ಮಾಮೀಟರ್ ತಂದಿದ್ದೆ. ನಡುವೆ 95 ಡಿಗ್ರಿ ಬಂದ ಮೇಲೆ ತೆಗೆದೆ. ತಟ್ಟಿ ನೋಡುವುದು ಈ ಬ್ರೆಡ್ಡಿಗೆ ನಂಬಿಕೆಯ ಪರೀಕ್ಷೆಯಲ್ಲ, ಇಷ್ಟೊಂದು ಹಣ್ಣಿದ್ದಾಗ ಸದ್ದು ಸರಿಯಾಗಿ ಬರುವುದಿಲ್ಲ. ಥರ್ಮಾಮೀಟರನ್ನೂ ಮೂರು ಕಡೆ ಚುಚ್ಚಬೇಕು. ಮೊನೆ ಅಂಜೂರದೊಳಗೆ ಹೋದರೆ ಹಿಟ್ಟಿನ ಸುದ್ದಿ ಗೊತ್ತಾಗುವುದಿಲ್ಲ.

ಅಜ್ಜಿಗೆ ಒಂದು ತುಂಡು ಕೊಟ್ಟೆ. ತಿಂದರು. ಕಹಿ ದ್ರಾಕ್ಷಿಯನ್ನು ಆಯ್ದು ತಟ್ಟೆಯ ಅಂಚಿಗಿಟ್ಟರು. ಏನೂ ಅನ್ನಲಿಲ್ಲ. ಶ್ವಾಬಿಯಾದವರ ಮಾತೊಂದಿದೆ, 'ನೆಟ್ ಗ್ಶಿಂಪ್ಟ್ ಇಶ್ ಗ್ನುಆಗ್ ಗ್ಲೋಬ್ಟ್'. ಬೈಯಲಿಲ್ಲ ಅಂದರೆ ಹೊಗಳಿದ ಹಾಗೇ ಲೆಕ್ಕ. ಆ ಧೈರ್ಯದ ಮೇಲೆ ಕೇಳಿದೆ, ಇದರಲ್ಲಿ ಏನು ಸರಿಯಿಲ್ಲ ಅಂತ. ತುಂಡನ್ನು ಕಿಟಕಿಯ ಬೆಳಕಿಗೆ ಹಿಡಿದು 'ಹಿಟ್ಟು ಕಾಣುತ್ತಿದೆ' ಅಂದರು.

ಹಿಟ್ಟು ಕಾಣಬಾರದಂತೆ. ಬ್ರೆಡ್ಡಿಗೆ! ಆ ಮಾತು ತಲೆಗೆ ಹೋಗಲು ಎರಡು ದಿನ ಬೇಕಾಯಿತು. ನಾನು ಅಷ್ಟೂ ದಿನ ಬ್ರೆಡ್ಡಿಗೆ ಹಣ್ಣು ಹಾಕುತ್ತಿದ್ದೆ. ಇದು ಆ ಜಾತಿಯದೇ ಅಲ್ಲ. ಹೋಳಿಗೆ ಮಾಡುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹೂರಣ ಮುಷ್ಟಿಯಷ್ಟು, ಕಣಕ ನಿಂಬೆಯಷ್ಟು. ಕಣಕ ಇರುವುದು ಹೂರಣ ಚೆಲ್ಲದಿರಲಿ ಅಂತ ಮಾತ್ರ. ಕಣಕ ದಪ್ಪವಾದ ಹೋಳಿಗೆಯನ್ನು ನಮ್ಮಲ್ಲಿ ಯಾರೂ ಎರಡನೇ ಸಲ ಕೇಳುವುದಿಲ್ಲ.

ನವೆಂಬರ್ 29 ಮತ್ತು 30: ಮೂರನೇ ಸಲ

ಡಿಸೆಂಬರ್ 1 ಈ ವರ್ಷದ ಮೊದಲ ಆಡ್ವೆಂಟ್ ಭಾನುವಾರ. ಅದಕ್ಕೆ ಮುಂಚೆ ಬ್ರೆಡ್ಡು ಡಬ್ಬಿ ಸೇರಬೇಕು ಅನ್ನುವುದು ಅಜ್ಜಿಯ ನಿಯಮ.

ಎರಡು ಬದಲಾವಣೆ ಮಾಡಿದೆ. ಒಂದು, ರೈ ಹಿಟ್ಟನ್ನು ಹುಳಿ ಬರಿಸುವುದು. ಎರಡನೇ ಸಲದ ಬ್ರೆಡ್ಡು ಬೆಂದಿದ್ದರೂ ಚಾಕುವಿಗೆ ಸ್ವಲ್ಪ ಅಂಟುತ್ತಿತ್ತು. ಪಿಷ್ಟವನ್ನು ಒಡೆದು ಸಕ್ಕರೆ ಮಾಡುವ ಕಿಣ್ವ ರೈ ಹಿಟ್ಟಿನಲ್ಲಿ ಜೋರು. ಬ್ರೆಡ್ಡು ಓವನ್‌ನಲ್ಲಿ ನಿಧಾನ ಬಿಸಿಯಾಗುವಾಗ, ಆ ಕಿಣ್ವ ಸಾಯುವ ಮೊದಲೇ ರೈ ಪಿಷ್ಟ ಬೆಂದು ಅದರ ಬಾಯಿಗೆ ಸಿಗುತ್ತದೆ, ಅಂಟಂಟಾಗುತ್ತದೆ. ಹುಳಿ ಇದ್ದರೆ ಕಿಣ್ವದ ಕೈ ಕಟ್ಟಿದ ಹಾಗೆ. ರೈ ಬ್ರೆಡ್ಡಿಗೆ ಜರ್ಮನರು ಹುಳಿಹಿಟ್ಟು ಬಿಡದಿರುವುದು ಬರೀ ರುಚಿಗಲ್ಲ. ಅಜ್ಜಿ ಜಾಮ್ ಬಾಟಲಿಯಲ್ಲಿ ಒಂದು ಚಮಚ ಹುಳಿಹಿಟ್ಟು ಕೊಟ್ಟರು, ನೆರೆಮನೆಯಿಂದ ಹೆಪ್ಪು ತಂದ ಹಾಗೆ. 100 ಗ್ರಾಂ ರೈ, 100 ಮಿಲಿ ನೀರಿಗೆ ಅದನ್ನು ಬೆರೆಸಿ ಹೀಟರ್ ಪಕ್ಕ ರಾತ್ರಿಯಿಡೀ ಇಟ್ಟೆ. ಬೆಳಿಗ್ಗೆ ಹಳೇ ದೋಸೆಹಿಟ್ಟಿನ ವಾಸನೆ. ಆ ಅಡುಗೆಮನೆಯಲ್ಲಿ ನನಗೆ ಗುರುತು ಸಿಕ್ಕಿದ ಮೊದಲ ವಾಸನೆ ಅದು.

ಎರಡು, ಮಿಕ್ಸರ್ ಹಿಟ್ಟಿಗೆ ಮಾತ್ರ, ಹಣ್ಣಿಗೆ ಕೈ. ಗೋಧಿ ಹಿಟ್ಟು 250 ಗ್ರಾಂ, ಯೀಸ್ಟ್ ಮತ್ತೆ 20 ಗ್ರಾಂ, ನೀರು 80 ಮಿಲಿ, ಕಷಾಯ 50 ಮಿಲಿ, ಉಪ್ಪು, ಮಸಾಲೆ, ಹುಳಿಹಿಟ್ಟು. ಎಂಟು ನಿಮಿಷ ನಾದಿಸಿ ಒಂದು ಗಂಟೆ ಬಿಟ್ಟೆ. ಅಷ್ಟರಲ್ಲಿ ಪಿಯರ್ ಬೆರಳ ಗೆಣ್ಣಿನಷ್ಟು, ಅಂಜೂರ ನಾಲ್ಕು ಹೋಳು, ಪ್ಲಮ್ ಎರಡು ಹೋಳು ಮಾಡಿ, ಒಂದು ಚಮಚ ಹಿಟ್ಟು ಉದುರಿಸಿ ಕೈಯಾಡಿಸಿದೆ. ತುಂಡುಗಳು ಬಿಡಿಬಿಡಿಯಾಗಿ ನಿಂತವು. ಅಕ್ರೋಟ್ ಮತ್ತು ಹೇಜಲ್‌ನಟ್ ಹುರಿದು ಅರೆಬರೆ ಜಜ್ಜಿದ್ದು.

ಆಮೇಲೆ ಮೇಜಿನ ಮೇಲೆ ಹಿಟ್ಟನ್ನು ಅಗಲ ತಟ್ಟಿ, ಮೂರನೇ ಒಂದು ಭಾಗ ಹಣ್ಣು ಹರಡಿ, ಮಡಿಚಿ, ಮತ್ತೆ ತಟ್ಟಿ, ಮತ್ತೆ ಹರಡಿ. ಮೂರನೇ ಸರ್ತಿಗೆ ಹಿಟ್ಟು ಹರಿಯತೊಡಗಿತು, ಹಣ್ಣು ಹೊರಗೆ ಬಿತ್ತು. ಇಷ್ಟು ಹಣ್ಣನ್ನು ಇಷ್ಟು ಹಿಟ್ಟು ಹಿಡಿಯುವುದು ಸಾಧ್ಯವೇ ಇಲ್ಲ ಅನ್ನಿಸುವ ಒಂದು ಗಳಿಗೆ ಬರುತ್ತದೆ. ಅಲ್ಲಿ ಹೆದರಿ ಹಿಟ್ಟು ಸೇರಿಸಿದರೆ ಕೆಟ್ಟಿರಿ. ಕೈಗೆ ಹಲಸಿನ ಮೇಣ ಹತ್ತಿದ ಹಾಗಾಗಿತ್ತು. ಬೆರಳು ನೀರಿಗೆ ಅದ್ದಿ ಅದ್ದಿ ಒತ್ತುತ್ತ ಹೋದೆ. ಐದು ನಿಮಿಷದ ಮೇಲೆ, ಎಲ್ಲಿಂದಲೋ, ಎಲ್ಲ ಒಂದಕ್ಕೊಂದು ಹಿಡಿದುಕೊಂಡವು.

ಒಟ್ಟು ಸುಮಾರು ಒಂದೂಮುಕ್ಕಾಲು ಕಿಲೋ ಬಂತು, ಎರಡು ಉದ್ದುಂಡೆ ಮಾಡಿದೆ. ಒಂದನ್ನು ಅಜ್ಜಿಯ ರೀತಿ, ಬತ್ತಲೆ. ಒದ್ದೆ ಅಂಗೈಯಿಂದ ಸವರಿ, ಹೊರಗೆ ಇಣುಕಿದ ದ್ರಾಕ್ಷಿಯನ್ನೆಲ್ಲ ಕಿತ್ತು ತಳಕ್ಕೆ ಸೇರಿಸಿದ್ದು. ಇನ್ನೊಂದಕ್ಕೆ ಹಿಟ್ಟಿನಲ್ಲೇ ಮೊದಲು ತೆಗೆದಿಟ್ಟಿದ್ದ 120 ಗ್ರಾಂ ಕಣಕವನ್ನು ತೆಳ್ಳಗೆ ಲಟ್ಟಿಸಿ ಸುತ್ತಿದೆ. ಆಲ್ಪ್ಸ್ ಕಡೆಯ ಹಣ್ಣಿನ ಬ್ರೆಡ್ಡುಗಳಿಗೆ ಹೀಗೆ ಹೊದಿಕೆ ಹಾಕುವ ರೂಢಿ ಇದೆ. ಮುಳ್ಳುಚಮಚದಿಂದ ಅಲ್ಲಲ್ಲಿ ಚುಚ್ಚಿದೆ, ಇಲ್ಲದಿದ್ದರೆ ಒಳಗಿನ ಹಬೆಗೆ ಸೀಳುತ್ತದೆ. ಅಜ್ಜಿ ಬಂದು ನೋಡಿ, ಅದು ಬವೇರಿಯಾದವರ ಕೆಲಸ ಅಂತ ಮೂಗು ಮುರಿದರು. ನಮ್ಮೂರಿನಲ್ಲಿ ಪಕ್ಕದ ತಾಲೂಕಿನ ಕಾಯಿ ಹೋಳಿಗೆಗೆ ಮುರಿಯುವ ಮೂಗು ಅದೇ.

ಒಂದೂವರೆ ಗಂಟೆ ಬಿಟ್ಟೆ. ಇದು ಇಮ್ಮಡಿ ಆಗುತ್ತದೆ ಅಂತ ಕಾಯಬಾರದು, ಕಾಲು ಭಾಗ ಉಬ್ಬಿದರೆ ಮುಗಿಯಿತು. ಓವನ್‌ನಲ್ಲಿ ಫ್ಯಾನ್ ಇಲ್ಲ. ಮೇಲೊಂದು ಕೆಳಗೊಂದು ಗೆರೆಯ ಚಿಹ್ನೆ ಇರುತ್ತದಲ್ಲ, ಅದು. ಕೆಳಗಿನಿಂದ ಎರಡನೇ ಅಂತಸ್ತು, 200 ಡಿಗ್ರಿಯಲ್ಲಿ 10 ನಿಮಿಷ, ಆಮೇಲೆ 170ಕ್ಕೆ ಇಳಿಸಿ ಮತ್ತೆ 60 ನಿಮಿಷ. ಅರ್ಧ ಗಂಟೆಯ ಮೇಲೆ ಬತ್ತಲೆ ಉಂಡೆಗೆ ಫಾಯಿಲ್ ಹೊದಿಸಿದೆ. ಬತ್ತಲೆಯದಕ್ಕೆ 95 ಡಿಗ್ರಿ ಬಂದಾಗ ಹೊದಿಕೆಯದು 91ರಲ್ಲಿತ್ತು, ಅದಕ್ಕೆ ಎಂಟು ನಿಮಿಷ ಹೆಚ್ಚು ಕೊಟ್ಟೆ.

ಉಳಿದ ಕಷಾಯವನ್ನು ಕುದಿಸಿ 100 ಮಿಲಿಗೆ ಇಳಿಸಿ, ಒಂದು ಚಮಚ ಆಲೂಗೆಡ್ಡೆ ಪಿಷ್ಟ ಕದಡಿ ಮಂದ ಮಾಡಿದೆ. ಬ್ರೆಡ್ಡು ಓವನ್‌ನಿಂದ ಬಂದ ಕೂಡಲೇ, ಬಿಸಿ ಇರುವಾಗಲೇ ಇದನ್ನು ಬಳಿಯಬೇಕು. ಛಸ್ ಅಂತ ಎಳೆದುಕೊಂಡು, ನೋಡುತ್ತಿದ್ದಂತೆ ಎಣ್ಣೆ ಹಾಕಿದ ಬೀಟೆ ಮರದ ಹಾಗೆ ಹೊಳೆಯತೊಡಗಿತು. ಸಿಪ್ಪೆ ತೆಗೆದ ಬಾದಾಮಿ ಐದನ್ನು ನಕ್ಷತ್ರದ ಹಾಗೆ ಒತ್ತಿದ್ದೆ, ಎರಡು ಉದುರಿಹೋಗಿದ್ದವು. ಹಾಗೇ ಬಿಟ್ಟೆ.

ಡಿಸೆಂಬರ್ 2

ತಡೆಯಲಾರದೆ ಬತ್ತಲೆ ಉಂಡೆಯ ತುದಿ ಕೊಯ್ದೆ. ಪುಡಿಪುಡಿ. ಹಣ್ಣು ಒಂದು ಕಡೆ, ಹಿಟ್ಟು ಒಂದು ಕಡೆ, ಲವಂಗ ಮಾತ್ರ ಮೂಗಿಗೆ ಹೊಡೆಯುತ್ತದೆ. ಬೇಸರವಾಯಿತು. ಅಜ್ಜಿಗೆ ಹೇಳಿದರೆ, ಅವಸರದ ಬುದ್ಧಿ ಅಂತ ತಲೆ ಅಲ್ಲಾಡಿಸಿದರು. ಬೇಕಿಂಗ್ ಪೇಪರಿನಲ್ಲಿ ಸುತ್ತಿ, ಅದರ ಮೇಲೆ ಹತ್ತಿಬಟ್ಟೆ, ತಗಡಿನ ಡಬ್ಬಿ, ನೆಲಮಾಳಿಗೆ. ಇಲ್ಲಿ ಅಪಾರ್ಟ್‌ಮೆಂಟಿನ ಮನೆಮನೆಗೂ ನೆಲಮಾಳಿಗೆಯಲ್ಲಿ ಒಂದೊಂದು ಗೂಡು ಇರುತ್ತದೆ. ನಮ್ಮದರಲ್ಲಿ ಸೈಕಲ್, ಸೂಟ್‌ಕೇಸು, 13 ಡಿಗ್ರಿ ತಂಪು.

ಕಾಯುವ ದಿನಗಳಲ್ಲಿ ಅಜ್ಜಿಯ ಹತ್ತಿರ ಹುಟ್ಸೆಲ್‌ನ ಮೂಲ ಕೇಳಿದೆ. ಅವರ ತವರು ಶ್ವಾಬಿಶೆ ಆಲ್ಬ್ ಬೆಟ್ಟದ ಬುಡದ ಹಳ್ಳಿ. ಅಲ್ಲಿ ಹುಲ್ಲುಗಾವಲಿನ ನಡುವೆ ಚದುರಿದಂತೆ ನಿಂತ ಎತ್ತರದ ಹಣ್ಣಿನ ಮರಗಳಿವೆ, ಆ ಪದ್ಧತಿಗೆ ಸ್ಟ್ರಾಯ್‌ಓಬ್ಸ್ಟ್ ಅನ್ನುತ್ತಾರೆ. 2021ರಲ್ಲಿ ಅದನ್ನು ಜರ್ಮನಿಯ ಸಾಂಸ್ಕೃತಿಕ ಪರಂಪರೆಯ ರಾಷ್ಟ್ರೀಯ ಪಟ್ಟಿಗೆ ಸೇರಿಸಿದರು. ಆ ಮರಗಳ ಪಿಯರ್ ಹಸಿಯಾಗಿ ಕಚ್ಚಿದರೆ ನಾಲಿಗೆ ಹಿಡಿಯುವಷ್ಟು ಒಗರು. ಹಾಗಾಗಿ ಹಿಂಡಿ ಮದ್ಯ ಮಾಡು, ಇಲ್ಲವೇ ಒಣಗಿಸು. ಹಳ್ಳಿಗೊಂದು ಸಾಮೂಹಿಕ ಒಲೆಮನೆ ಇರುತ್ತಿತ್ತು, ಸರದಿಯಂತೆ ಬ್ರೆಡ್ಡು ಸುಡುವುದು. ಬ್ರೆಡ್ಡು ತೆಗೆದ ಮೇಲೆ ಒಲೆಯಲ್ಲಿ ಉಳಿದ ಕಾವಿಗೆ ಪಿಯರ್ ಹಲಗೆಗಳನ್ನು ತಳ್ಳಿ ಬಾಗಿಲು ಹಾಕುತ್ತಿದ್ದರು. ಕಾವು ಹಾಳಾಗಬಾರದು ಅಷ್ಟೇ. ನನ್ನ ಚೀಲದ ಹೊಗೆ ವಾಸನೆ ಎಲ್ಲಿಯದು ಅಂತ ಆಗ ತಿಳಿಯಿತು. ಅವರ ತಮ್ಮನ ಮಗ ಈಗಲೂ ಹಾಗೆಯೇ ಒಣಗಿಸುತ್ತಾನಂತೆ.

ಡಿಸೆಂಬರ್ 15

ನಿನ್ನೆ ಅತ್ತೆ ಬಂದರು. ಇವತ್ತು ಸಂಜೆ ಡಬ್ಬಿ ಮೇಲೆ ತಂದೆ. ಹದಿನೈದು ದಿನ ಆಗಿದೆ. ಹಲ್ಲಿನ ಚಾಕುವಿನಿಂದ ಗರಗಸದ ಹಾಗೆ, ಒತ್ತದೆ, ಕಿರುಬೆರಳಿನ ಅರ್ಧದಷ್ಟು ತೆಳ್ಳಗೆ ಕೊಯ್ದೆ. ತುಂಡು ಮುರಿಯದೆ ಇಡಿಯಾಗಿ ಬಂತು. ಹಣ್ಣಿನ ತೇವ ಹಿಟ್ಟಿಗೆ ಇಳಿದಿದೆ, ಅಂಟಿಲ್ಲ. ಲವಂಗ ಹಿಂದೆ ಸರಿದು ಆನಿಸ್ ಮುಂದೆ ಬಂದಿದೆ. ಬೆಳಕಿಗೆ ಹಿಡಿದೆ: ಪಿಯರ್‌ನ ಕಂದು, ಅಂಜೂರದ ಹಳದಿ ಬೀಜಗಳು, ಅಕ್ರೋಟಿನ ಬಿಳಿ, ನಡುನಡುವೆ ದಾರದಷ್ಟು ಹಿಟ್ಟು.

ಇಲ್ಲಿಯವರು ಬೆಣ್ಣೆ ಹಚ್ಚಿ ತಿನ್ನುತ್ತಾರೆ. ಅತ್ತೆ ತಮ್ಮ ಚೀಲದಿಂದ ತುಪ್ಪದ ಬಾಟಲಿ ತೆಗೆದರು. ಒಂದು ತುಂಡು, ಇನ್ನೊಂದು ತುಂಡು. 'ಚೊಲೋ ಆಜು' ಅಂದರು. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, 'ಇದ್ಕೆ ನಮ್ಮ ಸುಕೇಳಿ ಹಾಕಿದ್ರೆ ಆಗ್ತಿತ್ತಲ್ಲೇ ತಂಗಿ?' ಸುಕೇಳಿ ಅಂದರೆ ಒಣಗಿಸಿದ ಬಾಳೆಹಣ್ಣು, ಸೂಟ್‌ಕೇಸಿನಲ್ಲಿ ಅರ್ಧ ಕಿಲೋ ತಂದಿದ್ದಾರೆ.

ಹೊದಿಕೆ ಹಾಕಿದ್ದು ಹೆಚ್ಚು ಮೆತ್ತಗೆ ಉಳಿದಿದೆ, ಸುಟ್ಟ ದ್ರಾಕ್ಷಿ ಒಂದೂ ಇಲ್ಲ. ರುಚಿ ನೋಡಿದರೆ ಬತ್ತಲೆಯದೇ ಮೇಲು. ಕಷಾಯದ ಬಳಿತ ಹಣ್ಣಿನ ಮೇಲೆ ನೇರ ಕೂತು, ಅಂಚು ಜಗಿಯುವ ಹಾಗಾಗಿದೆ. ಆದರೆ ಉಡುಗೊರೆ ಕೊಡಲು ಹೊದಿಕೆಯದು ವಾಸಿ, ಮೊದಲ ಸಲ ಮಾಡುವವರಿಗೂ ಅದೇ ವಾಸಿ.

ಡಿಸೆಂಬರ್ 22

ಹೊದಿಕೆಯ ಉಂಡೆಯಲ್ಲಿ ಅರ್ಧ ಅಜ್ಜಿಗೆ ಹೋಯಿತು. ಅತ್ತೆಯೂ ನನ್ನ ಜೊತೆ ಇಳಿದು ಬಂದರು, ಕೈಯಲ್ಲಿ ಸುಕೇಳಿಯ ಪೊಟ್ಟಣ. ಇಬ್ಬರಿಗೂ ಪರಸ್ಪರ ಒಂದು ಮಾತೂ ಬರುವುದಿಲ್ಲ. ಅಜ್ಜಿ ಸುಕೇಳಿಯನ್ನು ಮೂಸಿ, ಎರಡು ಬೆರಳಲ್ಲಿ ಎಳೆದು ನೋಡಿ, ತುದಿ ಕಚ್ಚಿ, ನನ್ನ ಕಡೆ ತಿರುಗಿ ಇದನ್ನು ಯಾವ ಒಲೆಯಲ್ಲಿ ಒಣಗಿಸಿದ್ದು ಅಂತ ಕೇಳಿದರು. ಬಿಸಿಲಲ್ಲಿ ಅಂದೆ. ನವೆಂಬರಿನಿಂದ ಬಿಸಿಲು ಕಾಣದ ಆ ಕಿಟಕಿಯ ಕಡೆ ನೋಡಿ ಸುಮ್ಮನಾದರು.

ಮುಂದಿನ ಸಲಕ್ಕೆ: ಚೀಲದಲ್ಲಿ ಹುಟ್ಸೆಲ್ 400 ಗ್ರಾಂ ಉಳಿದಿದೆ, ಸುಕೇಳಿ 250. ಅಂಜೂರದ 150 ಗ್ರಾಮನ್ನು ಪೂರ್ತಿ ಸುಕೇಳಿಗೆ ಬಿಟ್ಟುಕೊಟ್ಟು ನೋಡಬೇಕು. ನೆನೆಸುವುದು ಬೇಡ. ಸುಕೇಳಿ ಅಂಜೂರಕ್ಕಿಂತ ಅಂಟು, ಆದ್ದರಿಂದ ಕತ್ತರಿಸುವಾಗ ಚಾಕುವಿಗೆ ತುಪ್ಪ ಸವರಿಕೊಳ್ಳುವುದು.